ಹರಿದಾಡುವ ವಿಡಿಯೋ, ಮಾಯದ ಗಾಯ

ಎದೆ ಡವಡವ, ಹೊಟ್ಟೆನೋವು, ಊಟ ಸೇರದು, ರಾತ್ರಿ ನಿದ್ದೆಯಿಲ್ಲ. ಇಂಥ ತೊಂದರೆ ಹೇಳುವ ಹುಡುಗಿಯ ರಕ್ತ, ಮೂತ್ರ, ಇ.ಸಿ.ಜಿ. ಎಲ್ಲವೂ ಸರಿಯಿದ್ದರೆ ವೈದ್ಯರು ಈಗ ಇನ್ನೊಂದು ಮಾತನ್ನೂ ಮೆಲ್ಲಗೆ ಕೇಳಬೇಕಾಗಿದೆ: ‘ನಿನ್ನ ವಿಡಿಯೋ ಯಾರಾದರೂ ಹಂಚಿದ್ದಾರೇನವ್ವಾ?’

ಶರೀರದಲ್ಲಿ ಆಗುವುದೇನು?

ಹಾವು ಕಂಡಾಗ ಮೂತ್ರಪಿಂಡಗಳ ಮೇಲಿರುವ ಗ್ರಂಥಿಗಳು ಅಡ್ರಿನಲಿನ್ ಸುರಿಸುತ್ತವೆ. ಎದೆಬಡಿತ ಏರುತ್ತದೆ, ಬೆವರು ಬರುತ್ತದೆ. ಹಾವು ಹೋದ ಮೇಲೆ ಎಲ್ಲವೂ ಇಳಿಯುತ್ತದೆ. ನಾಲ್ಕು ಜನರೆದುರು ಮಾನ ಹೋದಾಗಲೂ ಶರೀರ ಹೀಗೆಯೇ ವರ್ತಿಸುತ್ತದೆ. ಆದರೆ ವಿಡಿಯೋ ಎಂಬ ಹಾವು ಹೋಗುವುದೇ ಇಲ್ಲ. ಯಾರು, ಯಾವಾಗ ನೋಡುವರೋ ತಿಳಿಯದು. ಹೀಗಾಗಿ ನಿದ್ರಾಹೀನತೆ, ತಲೆನೋವು, ಖಿನ್ನತೆ, ಕೆಲವರಲ್ಲಿ ಆತ್ಮಹತ್ಯೆಯ ಯೋಚನೆ.

ನಗರದಲ್ಲಿ ಮುಖ ಮಸುಕು ಮಾಡಿದರೆ ಗುರುತು ಸಿಗಲಿಕ್ಕಿಲ್ಲ. ತುಕ್ಕಾನಟ್ಟಿಯಂಥ ಊರಲ್ಲಿ ಸೀರೆಯ ಅಂಚು, ಮನೆಯ ಕಟ್ಟೆ, ಬೈಕಿನ ನಂಬರೇ ಸಾಕು. 2024ರ ಏಪ್ರಿಲ್‌ನಲ್ಲಿ ಹಾಸನದಲ್ಲಿ ಪೆನ್ ಡ್ರೈವ್‌ಗಳ ಮೂಲಕ ಹೆಂಗಸರ ವಿಡಿಯೋಗಳು ಹರಡಿದಾಗ, ಕೆಲವು ಕುಟುಂಬಗಳು ಮನೆಬಿಟ್ಟು ಹೋದ ಸುದ್ದಿಯನ್ನು ನೀವು ಓದಿದ್ದೀರಿ. ಅವುಗಳನ್ನು ಹಂಚುವುದೂ ಅಪರಾಧವೆಂದು ವಿಶೇಷ ತನಿಖಾ ತಂಡ ಎಚ್ಚರಿಸಬೇಕಾಯಿತು.

ಒಪ್ಪಿಗೆ ಎಂದರೆ?

‘ಅವಳೇ ತೆಗೆಸಿಕೊಂಡಿದ್ದಾಳೆ’ ಎಂಬ ಮಾತು ಸಾಮಾನ್ಯ. ಅಪೆಂಡಿಕ್ಸ್ ತೆಗೆಯಲು ರೋಗಿ ಸಹಿ ಹಾಕಿದರೆ ವೈದ್ಯರು ಪಿತ್ತಕೋಶವನ್ನೂ ತೆಗೆಯುವಂತಿಲ್ಲ. ಒಪ್ಪಿಗೆ ಕೊಟ್ಟಷ್ಟಕ್ಕೇ ಸಲ್ಲುತ್ತದೆ. ಭಾರತೀಯ ನ್ಯಾಯ ಸಂಹಿತೆಯ 77ನೇ ಕಲಮೂ ಇದನ್ನೇ ಹೇಳುತ್ತದೆ: ಖಾಸಗಿ ದೃಶ್ಯ ತೆಗೆಯಲು ಹೆಣ್ಣುಮಗಳು ಒಪ್ಪಿದ್ದರೂ, ಹಂಚಲು ಒಪ್ಪಿರದಿದ್ದರೆ ಹಂಚಿದವರು ಅಪರಾಧಿಗಳು.

ಆಸ್ಪತ್ರೆಯಲ್ಲೂ ಹಾಗೆಯೇ. 2023ರ ಡಿಸೆಂಬರ್‌ನಲ್ಲಿ ನಮ್ಮ ಬೆಳಗಾವಿ ತಾಲೂಕಿನ ಹೊಸ ವಂಟಮುರಿಯಲ್ಲಿ ತಾಯಿಯೊಬ್ಬಳನ್ನು ಬೆತ್ತಲೆಗೊಳಿಸಿ ಕಂಬಕ್ಕೆ ಕಟ್ಟಿದ ಘಟನೆಯ ನಂತರ, ವೈದ್ಯಾಧಿಕಾರಿಯ ಲಿಖಿತ ಅನುಮತಿಯಿಲ್ಲದೆ ಯಾರೂ ಆಕೆಯನ್ನು ಆಸ್ಪತ್ರೆಯಲ್ಲಿ ಭೇಟಿಯಾಗಬಾರದೆಂದು ಹೈಕೋರ್ಟ್ ಆದೇಶಿಸಿತು. ಸಮಾಧಾನ ಹೇಳಲು ಬರುವವರ ಗದ್ದಲವೂ ರೋಗಿಗೆ ಹಾನಿಯೇ. ವಾರ್ಡಿನಲ್ಲಿ ಮೊಬೈಲ್ ಹಿಡಿಯುವ ಮುನ್ನ ಇದನ್ನು ನೆನೆಯಿರಿ.

ಮನೆಯವರು ಏನು ಮಾಡಬೇಕು?

1. ಬೈಯಬೇಡಿ, ಹೊಡೆಯಬೇಡಿ. ‘ತಪ್ಪು ಹಂಚಿದವನದು, ನಾವು ನಿನ್ನ ಜೊತೆಗಿದ್ದೇವೆ’ ಎಂಬ ಮಾತೇ ಮೊದಲ ಔಷಧ. ಶಾಲೆ ಬಿಡಿಸುವುದು, ಅವಸರದಲ್ಲಿ ಮದುವೆ ಮಾಡುವುದು ಚಿಕಿತ್ಸೆಯಲ್ಲ.

2. ‘ಸಾಯಬೇಕೆನಿಸುತ್ತದೆಯೇ?’ ಎಂದು ನೇರವಾಗಿ ಕೇಳಿ. ಕೇಳುವುದರಿಂದ ಆ ಯೋಚನೆ ಹುಟ್ಟುವುದಿಲ್ಲ, ಹೇಳಿಕೊಳ್ಳಲು ದಾರಿಯಾಗುತ್ತದೆ. ಹೌದೆಂದರೆ ಒಂಟಿಯಾಗಿ ಬಿಡಬೇಡಿ. ಬೆಳೆಗೆ ಹೊಡೆಯುವ ಔಷಧ, ಮಾತ್ರೆಗಳನ್ನು ಬೀಗ ಹಾಕಿಡಿ. ಅಂದೇ ವೈದ್ಯರಲ್ಲಿಗೆ ಕರೆತನ್ನಿ. ಟೆಲಿ ಮಾನಸ್‌ನ 14416ಕ್ಕೆ ಹಗಲುರಾತ್ರಿ ಉಚಿತವಾಗಿ ಕರೆ ಮಾಡಿ ಕನ್ನಡದಲ್ಲೇ ಮಾತಾಡಬಹುದು.

3. ಗಾಬರಿಯಲ್ಲಿ ಎಲ್ಲವನ್ನೂ ಅಳಿಸಬೇಡಿ. ಕಳಿಸಿದವರ ನಂಬರು, ಸಂದೇಶ, ಲಿಂಕ್, ತಾರೀಖು ಉಳಿಸಿಕೊಂಡು ಪೊಲೀಸರಿಗೆ ದೂರು ಕೊಡಿ. ರಾಷ್ಟ್ರೀಯ ಸೈಬರ್ ಅಪರಾಧ ಪೋರ್ಟಲ್‌ನಲ್ಲಿ ಹೆಂಗಸರು, ಮಕ್ಕಳ ವಿಷಯದಲ್ಲಿ ಹೆಸರು ಹೇಳದೆಯೂ ದೂರು ನೀಡಬಹುದು. ಮಕ್ಕಳ ಸಹಾಯಕ್ಕೆ 1098.

4. ಹಣ ಕೇಳಿ ಹೆದರಿಸಿದರೆ ಕೊಡಬೇಡಿ. ಒಮ್ಮೆ ಕೊಟ್ಟರೆ ಮತ್ತೆ ಕೇಳುತ್ತಾರೆ.

ಎರಡು ವಾರ ಕಳೆದರೂ ನಿದ್ದೆ, ಹಸಿವು ಮರಳದಿದ್ದರೆ ಮನೋವೈದ್ಯರನ್ನು ಕಾಣಿಸಿ. ಸಮಾಲೋಚನೆಯಿಂದ, ಬೇಕಾದರೆ ಔಷಧಿಯಿಂದ, ಬಹಳಷ್ಟು ಜನ ಚೇತರಿಸಿಕೊಳ್ಳುತ್ತಾರೆ.

ಇನ್ನು, ಅಂಥ ವಿಡಿಯೋ ನಿಮ್ಮ ಮೊಬೈಲಿಗೇ ಬಂದರೆ ಮುಂದೆ ಕಳಿಸಬೇಡಿ, ‘ಯಾರಿವರು?’ ಎಂದು ಗುಂಪಿನಲ್ಲಿ ಕೇಳಲೂ ಬೇಡಿ. ಕಳಿಸಿದವರಿಗೆ ಬೇಡವೆಂದು ಹೇಳಿ ಅಳಿಸಿಬಿಡಿ. ಈ ಮಾತನ್ನು ಇಂದು ರಾತ್ರಿ ಊಟಕ್ಕೆ ಕುಳಿತಾಗ ಮನೆಯ ಹುಡುಗರಿಗೂ ಹೇಳಿರಿ.