ನಾಲಗೆಗೆ ಕಸರತ್ತು ಮಾತ್ರ ಸಾಲದು, ಮಾತಿಗೆ ಮಾತೇ ಮದ್ದು

ಪಾರ್ಶ್ವವಾಯು ಆಗಿ ಆಸ್ಪತ್ರೆಯಿಂದ ಮನೆಗೆ ಬಂದವರ ಮಾತು ತೊದಲಿದರೆ, ‘ಬುದ್ಧಿಯೂ ಮಂಕಾಯ್ತು’ ಅಂತ ತಿಳಿದು ಅವರೊಂದಿಗೆ ಮಾತಾಡುವುದನ್ನೇ ಬಿಡುವವರಿದ್ದಾರೆ. ಇದು ತಪ್ಪು. ಇಂಥ ತೊದಲು ಮಾತಿಗೆ ವೈದ್ಯರು ‘ಡಿಸಾರ್ಥ್ರಿಯಾ’ ಎನ್ನುತ್ತಾರೆ. ಹೇಳಬೇಕಾದ ಪದ ತಲೆಯಲ್ಲಿ ಸರಿಯಾಗಿಯೇ ಇರುತ್ತದೆ. ತುಟಿ, ನಾಲಗೆ, ಗಂಟಲು, ಉಸಿರಾಟದ ಸ್ನಾಯುಗಳು ಮಾತ್ರ ಹೇಳಿದಂತೆ ಕೇಳುವುದಿಲ್ಲ. ಪಾರ್ಕಿನ್ಸನ್ ಕಾಯಿಲೆ, ತಲೆಗೆ ಬಿದ್ದ ಪೆಟ್ಟು, ಸೆರೆಬ್ರಲ್ ಪಾಲ್ಸಿಯಿಂದಲೂ ಇದು ಬರಬಹುದು.

ವರ್ಣಮಾಲೆಯೇ ನಕ್ಷೆ

ಶಾಲೆಯಲ್ಲಿ ಕಲಿತ ವರ್ಣಮಾಲೆಯನ್ನು ನೆನಪಿಸಿಕೊಳ್ಳಿ. ಕ, ಗ ಹೊರಡುವುದು ನಾಲಗೆಯ ಹಿಂಭಾಗದಿಂದ. ತ, ದ ಹೊರಡುವುದು ನಾಲಗೆಯ ತುದಿ ಹಲ್ಲಿಗೆ ತಾಗಿದಾಗ. ಪ, ಬ, ಮ ಹೊರಡುವುದು ಎರಡೂ ತುಟಿ ಮುಚ್ಚಿ ತೆರೆದಾಗ. ಸ್ಪೀಚ್ ಥೆರಪಿಸ್ಟ್ ರೋಗಿಯಿಂದ ‘ಪ-ತ-ಕ, ಪ-ತ-ಕ’ ಅಂತ ಬೇಗಬೇಗ ಹೇಳಿಸುವುದು ಇದಕ್ಕೇ. ಎಲ್ಲಿ ಎಡವುತ್ತದೆ ಅನ್ನುವುದು ಆಗ ಗೊತ್ತಾಗುತ್ತದೆ.

ಊದಿಸಿದರೆ ಮಾತು ಬರುತ್ತದೆಯೇ?

ಬಲೂನು ಊದುವುದು, ಕೆನ್ನೆ ಉಬ್ಬಿಸುವುದು, ನಾಲಗೆ ಹೊರಚಾಚಿ ಆಚೀಚೆ ಆಡಿಸುವುದು. ಇಂಥ ವ್ಯಾಯಾಮದ ವಿಡಿಯೊಗಳು ಮೊಬೈಲ್‌ನಲ್ಲಿ ಬೇಕಾದಷ್ಟಿವೆ. ಆದರೆ ಇವಿಷ್ಟರಿಂದಲೇ ಮಾತು ಸ್ಪಷ್ಟವಾಗುತ್ತದೆ ಎನ್ನುವುದಕ್ಕೆ ಗಟ್ಟಿ ಪುರಾವೆ ಇಲ್ಲ. ಗಾಳಿಯಲ್ಲಿ ಕೈಕಾಲು ಬಡಿದರೆ ಈಜು ಬರುವುದಿಲ್ಲ, ನೀರಿಗೆ ಇಳಿಯಬೇಕು. ಮಾತೂ ಹಾಗೆಯೇ. ಥೆರಪಿಸ್ಟ್ ಪರೀಕ್ಷಿಸಿ ವ್ಯಾಯಾಮ ಹೇಳಿದ್ದರೆ ಮಾಡಿ, ಜೊತೆಗೆ ಮಾತಿನ ಅಭ್ಯಾಸ ಇರಲೇಬೇಕು.

ಉಸಿರು ತೆಗೆದುಕೊಂಡು ಮಾತು ಶುರು ಮಾಡುವುದು, ನಿಧಾನವಾಗಿ ಒಂದೊಂದೇ ಪದ ಬಿಡಿಸಿ ಹೇಳುವುದು, ತುಸು ಜೋರಾಗಿ ಹೇಳುವುದು ಸಾಮಾನ್ಯವಾಗಿ ಕಲಿಸುವ ವಿಧಾನಗಳು. ಪಾರ್ಕಿನ್ಸನ್ ಇರುವವರಿಗೆ ‘ಎಲ್‌ಎಸ್‌ವಿಟಿ ಲೌಡ್’ ಎಂಬ ಥೆರಪಿ ಇದೆ: ವಾರಕ್ಕೆ 4 ದಿನದಂತೆ 4 ವಾರ, ಒಟ್ಟು 16 ಬಾರಿ ಗಟ್ಟಿ ದನಿಯ ಅಭ್ಯಾಸ.

ಯಾವ ಭಾಷೆಯಲ್ಲಿ?

ಗಡಿಭಾಗದವರಿಗೆ ಇದೇ ದೊಡ್ಡ ಪ್ರಶ್ನೆ. ಮಹಾರಾಷ್ಟ್ರದ ಸಾಂಗ್ಲಿ ಜಿಲ್ಲೆಯ ಜತ್ತ ತಾಲೂಕನ್ನೇ ನೋಡಿ. ಉಮದಿ, ಸಂಖದಂಥ ಊರುಗಳಲ್ಲಿ ಮನೆಮಾತು ಕನ್ನಡ, ಸರಕಾರಿ ಕಚೇರಿಯ ಭಾಷೆ ಮರಾಠಿ. ಚಿಕಿತ್ಸೆಗೆ ಸಾಂಗ್ಲಿ, ಮೀರಜ್‌ಗೆ ಹೋದರೆ ಅಭ್ಯಾಸದ ಹಾಳೆ ಮರಾಠಿಯಲ್ಲಿ ಸಿಗಬಹುದು. ಮನೆಯಲ್ಲಿ ಜೀವಮಾನವಿಡೀ ಕನ್ನಡ ಆಡಿದ ಅಜ್ಜನಿಗೆ ಅದು ಎರಡೆರಡು ಕಷ್ಟ. ಬ್ಯಾರಿ ಮನೆಗಳ ಕಥೆಯೂ ಬೇರೆಯಲ್ಲ. ಒಳಗೆ ಬ್ಯಾರಿ, ಆಸ್ಪತ್ರೆಯಲ್ಲಿ ಕನ್ನಡ ಅಥವಾ ಇಂಗ್ಲಿಷ್.

ಹಾಗಾಗಿ ಮೊದಲ ದಿನವೇ ಥೆರಪಿಸ್ಟ್‌ಗೆ ಮನೆಮಾತು ಯಾವುದೆಂದು ಹೇಳಿ. ಮಕ್ಕಳ ಹೆಸರು, ಊಟತಿಂಡಿ, ‘ನೀರು ಕೊಡು’, ‘ನೋವಾಗ್ತಿದೆ’ ಹೀಗೆ ದಿನಾ ಬೇಕಾಗುವ ಮಾತುಗಳನ್ನು ಪಟ್ಟಿ ಮಾಡಿ ಕೊಡಿ. ಕನ್ನಡದ ‘ಅಪ್ಪ’, ಬ್ಯಾರಿಯ ‘ಉಮ್ಮ’ ಎರಡೂ ತುಟಿಗೆ ಒಳ್ಳೆಯ ಅಭ್ಯಾಸವೇ. 1965ರಲ್ಲಿ ಆರಂಭವಾದ ಮೈಸೂರಿನ ಅಖಿಲ ಭಾರತ ವಾಕ್ ಶ್ರವಣ ಸಂಸ್ಥೆ ದೂರದವರಿಗೆ ಆನ್‌ಲೈನ್ ಮೂಲಕವೂ ಥೆರಪಿ ನೀಡುತ್ತದೆ. ಯಾರ ಬಳಿ ಹೋದರೂ ಭಾರತೀಯ ಪುನರ್ವಸತಿ ಪರಿಷತ್ತಿನ ನೋಂದಣಿ ಇದೆಯೇ ಎಂದು ಕೇಳಿ.

ಮನೆಯವರು ಮಾಡಬೇಕಾದ್ದು

ಟಿವಿ ಬಂದ್ ಮಾಡಿ, ಎದುರು ಕೂತು ಮಾತಾಡಿ. ವಾಕ್ಯವನ್ನು ನೀವೇ ಪೂರ್ತಿ ಮಾಡಬೇಡಿ, ಕಾಯಿರಿ. ಅರ್ಥವಾಗದಿದ್ದರೆ ‘ಹ್ಞೂಂ’ ಅಂದು ತಲೆ ಆಡಿಸದೆ ಮತ್ತೊಮ್ಮೆ ಕೇಳಿ. ನೀರು ಕುಡಿಯುವಾಗ ಕೆಮ್ಮು ಬರುತ್ತಿದ್ದರೆ ತಡಮಾಡದೆ ವೈದ್ಯರಿಗೆ ತಿಳಿಸಿ. ನುಂಗುವ ತೊಂದರೆಯಿಂದ ನ್ಯುಮೋನಿಯಾ ಆಗಬಹುದು. ಶಾಶ್ವತ ವಾಕ್ ಮತ್ತು ಭಾಷಾ ಅಂಗವೈಕಲ್ಯವು 2016ರ ಅಂಗವಿಕಲರ ಹಕ್ಕುಗಳ ಕಾಯ್ದೆಯ 21 ವಿಧಗಳಲ್ಲಿ ಸೇರಿದೆ. ಯುಡಿಐಡಿ ಕಾರ್ಡ್‌ಗೆ ಅರ್ಜಿ ಹಾಕಬಹುದು.

ಇನ್ನೊಂದು ಮಾತು. ಚೆನ್ನಾಗಿದ್ದವರ ಮಾತು ದಿಢೀರನೆ ತೊದಲಿದರೆ, ಬಾಯಿ ಸೊಟ್ಟಗಾದರೆ, ಒಂದು ಕೈ ಸೋತರೆ ‘ನಾಳೆ ನೋಡೋಣ’ ಅನ್ನಬೇಡಿ. ರಕ್ತದ ಹೆಪ್ಪು ಕರಗಿಸುವ ಇಂಜೆಕ್ಷನ್ ಕೊಡಲು ಸಾಮಾನ್ಯವಾಗಿ ಇರುವ ಅವಧಿ ನಾಲ್ಕೂವರೆ ಗಂಟೆ ಮಾತ್ರ. ಎರಡೂ ರಾಜ್ಯಗಳಲ್ಲಿ ಆಂಬ್ಯುಲೆನ್ಸ್ ಸಂಖ್ಯೆ ಒಂದೇ: 108.