ಅಕ್ಷರಗಳು ಅಳಿದವೆ, ಅಡಗಿದವೆ?

ಊರಿನ ಹಿರಿಯರೊಬ್ಬರು 2006ರಲ್ಲಿ ನಮ್ಮ ಶಾಲೆಯ ಜಗಲಿಯಲ್ಲಿ ಕುಳಿತು ಮೂರು ದಿನಗಳ ಕಾಲ ತಮ್ಮ ನೆನಪುಗಳನ್ನು ಹೇಳಿದ್ದರು. 1956ರ ನವೆಂಬರ್ 1ರಂದು ಕಾಸರಗೋಡು ಕೇರಳಕ್ಕೆ ಸೇರಿದಾಗ ಊರಿನಲ್ಲಿ ನಡೆದ ಮಾತುಕತೆ, ಮಳೆಗಾಲದಲ್ಲಿ ಹೊಳೆ ದಾಟಿ ಶಾಲೆಗೆ ಬರುತ್ತಿದ್ದ ಬಗೆ, ತಮಗೆ ಅಕ್ಷರ ಕಲಿಸಿದ ಗುರುಗಳ ಹೆಸರುಗಳು, ಎಲ್ಲವೂ ಅದರಲ್ಲಿದ್ದವು. ಅವರು ಹೇಳಿದಂತೆಯೇ ನಮ್ಮ ಸಹೋದ್ಯೋಗಿಯೊಬ್ಬರು ಅದನ್ನು ನೇರವಾಗಿ ಗಣಕಯಂತ್ರದಲ್ಲಿ ಬೆರಳಚ್ಚು ಮಾಡಿದರು. ಕೈಬರಹದ ಪ್ರತಿಯನ್ನು ಯಾರೂ ಇರಿಸಿಕೊಳ್ಳಲಿಲ್ಲ. ಹದಿನಾಲ್ಕು ಪುಟಗಳು, ಎರಡು ಕಡತಗಳು.

ಆ ಹಿರಿಯರು ಈಗ ಇಲ್ಲ. ಅವರ ಮನೆಯವರು ಸ್ಮರಣ ಪುಸ್ತಿಕೆಯೊಂದನ್ನು ತರಬೇಕೆಂದು ಆ ಪುಟಗಳನ್ನು ಕೇಳಿಕೊಂಡು ಬಂದಾಗ, ನಾವು ಹೆಮ್ಮೆಯಿಂದಲೇ ಪೆನ್‌ಡ್ರೈವನ್ನು ಹುಡುಕಿ ತೆಗೆದು ಹೊಸ ಯಂತ್ರಕ್ಕೆ ಸಿಕ್ಕಿಸಿದೆವು. ಪರದೆಯ ಮೇಲೆ ಕನ್ನಡವೇ ಇರಲಿಲ್ಲ. ಇಂಗ್ಲಿಷ್ ಅಕ್ಷರಗಳು, ತಲೆಯ ಮೇಲೆ ಓರೆಗೆರೆ ಹೊತ್ತ ‘ಎ’ಗಳು, ನಡುನಡುವೆ ಪೌಂಡು ನಾಣ್ಯದ ಚಿಹ್ನೆ! ಬಳಿಯಲ್ಲಿದ್ದ ಹಿತೈಷಿ ಯುವಕರೊಬ್ಬರು, “ಮಾಷ್ಟ್ರೆ, ಕಡತ ಹಾಳಾಗಿದೆ, ನಾನು ಸರಿಮಾಡಿ ಕೊಡುತ್ತೇನೆ” ಎಂದು ಚಿಕ್ಕ ಕಡತವನ್ನು ತೆರೆದು, ಏನೇನೋ ಆಯ್ಕೆಗಳನ್ನು ಒತ್ತಿ, ಉಳಿಸಿಯೂ ಬಿಟ್ಟರು. ನಮಗೂ ತಡೆಯಬೇಕೆಂದು ತೋಚಲಿಲ್ಲ. ಕಡತ ಹಾಳಾಗಿರಲಿಲ್ಲವೆಂಬುದೂ, ಹಾಳಾದದ್ದು ಆ ಕ್ಷಣದಲ್ಲಿಯೇ ಎಂಬುದೂ ನಮಗೆ ತಿಳಿದದ್ದು ಅನಂತರ. ಇಂತಹ ಕಡತಗಳು ಗಡಿನಾಡಿನ ಎಷ್ಟೋ ಶಾಲೆಗಳಲ್ಲಿಯೂ ಸಂಘಗಳಲ್ಲಿಯೂ ಮನೆಗಳಲ್ಲಿಯೂ ಇರುವುದರಿಂದ ಕಲಿತದ್ದನ್ನು ವಾಚಕರ ಮುಂದಿಡುತ್ತಿದ್ದೇವೆ.

ಗಣಕಯಂತ್ರಕ್ಕೆ ಅಕ್ಷರದ ಪರಿಚಯವಿಲ್ಲ. ಅದು ಅರಿತಿರುವುದು ಸಂಖ್ಯೆಗಳನ್ನು ಮಾತ್ರ. ಯಾವ ಸಂಖ್ಯೆಗೆ ಯಾವ ಅಕ್ಷರ ಎಂಬ ಪಟ್ಟಿಯನ್ನು ಮನುಷ್ಯರು ಮಾಡಿಕೊಡಬೇಕು. ಬರೆದವನ ಪಟ್ಟಿಯೂ ಓದುವವನ ಪಟ್ಟಿಯೂ ಒಂದೇ ಆಗಿದ್ದರೆ ಬರಹ ಕಾಣಿಸುತ್ತದೆ, ಬೇರೆಯಾದರೆ ಗೊಂದಲ ಕಾಣಿಸುತ್ತದೆ. 1963ರಲ್ಲಿ ಮೊದಲು ಹೊರಬಂದ ‘ಆಸ್ಕಿ’ ಪಟ್ಟಿಯಲ್ಲಿ 128 ಮನೆಗಳಷ್ಟೇ ಇದ್ದವು. ಅವು ಇಂಗ್ಲಿಷಿನ ಸಂಸಾರಕ್ಕೇ ಸರಿಹೋದವು. ಮುಂದೆ ಪಟ್ಟಿಯನ್ನು 256 ಮನೆಗಳಿಗೆ ಹಿಗ್ಗಿಸಿದಾಗ ಹೊಸ ಮನೆಗಳಿಗೆ ಯುರೋಪಿನ ಓರೆಗೆರೆಯ ಅಕ್ಷರಗಳು ಬಂದು ಕುಳಿತವು.

ಕನ್ನಡಕ್ಕೆ ಮನೆಯಿಲ್ಲದ ಆ ಕಾಲದಲ್ಲಿ ನಮ್ಮವರು ಜಾಣ್ಮೆಯ ಉಪಾಯವೊಂದನ್ನು ಮಾಡಿದರು. 1998ರಲ್ಲಿ ಬಂದ ‘ಬರಹ’, ಅದರ ಹಿಂದೆಯೇ ಬಂದ ‘ನುಡಿ’ ತಂತ್ರಾಂಶಗಳು ಆ 256 ಮನೆಗಳಲ್ಲಿಯೇ ಕನ್ನಡದ ತುಂಡು ಆಕಾರಗಳನ್ನು ಒಕ್ಕಲಿಟ್ಟವು. ಹಳೆಯ ನುಡಿಯಲ್ಲಿ ಇಂಗ್ಲಿಷ್ ‘ಪಿ’ಯ ಮನೆಯಲ್ಲಿ ತಲೆಕಟ್ಟಿಲ್ಲದ ಕಕಾರ, ಓರೆಗೆರೆಯ ದೊಡ್ಡ ‘ಎ’ಯ ಮನೆಯಲ್ಲಿ ತಲೆಕಟ್ಟು, ಪೌಂಡಿನ ಮನೆಯಲ್ಲಿ ನಕಾರದ ಒಡಲು. ಹೀಗೆ ಕನ್ನಡ ಎಂಬ ಪದಕ್ಕೆ ಏಳು ತುಂಡುಗಳು ಬೇಕಾಗುತ್ತಿದ್ದವು: ಕಕಾರದ ಒಡಲು, ತಲೆಕಟ್ಟು, ನಕಾರದ ಒಡಲು, ತಲೆಕಟ್ಟು, ನಕಾರದ ಒತ್ತು, ಡಕಾರದ ಒಡಲು, ತಲೆಕಟ್ಟು. ಅದೇ ಫಾಂಟು ಇರುವ ಯಂತ್ರದಲ್ಲಿ ಇದು ಸೊಗಸಾದ ಕನ್ನಡ. ಫಾಂಟಿಲ್ಲದ ಯಂತ್ರಕ್ಕೆ ಅದು ಪಿ, ಎ, ಪೌಂಡು. ಗಡಿಯಾಚೆಯ ಕಚೇರಿಯ ಯಂತ್ರಗಳಲ್ಲಿ ನಮ್ಮ ಫಾಂಟು ಇರುವುದು ಅಪರೂಪವಾದ್ದರಿಂದ ಈ ಅವಸ್ಥೆ ಕರ್ನಾಟಕದ ಒಳಗಿನವರಿಗಿಂತ ನಮಗೆ ಹೆಚ್ಚು ಪರಿಚಿತ.

1991ರಲ್ಲಿ ಮೊದಲ ಆವೃತ್ತಿ ಕಂಡ ಯೂನಿಕೋಡ್ ಈ ಕೊರತೆಯನ್ನು ನೀಗಿಸಿತು. ಅದರಲ್ಲಿ ಪ್ರತಿಯೊಂದು ಲಿಪಿಗೂ ಸ್ವಂತ ಕೇರಿಯಿದೆ. ಕನ್ನಡದ ಕೇರಿ 3200ನೆಯ ಮನೆಯಿಂದ 3327ರವರೆಗೆ. ಅದರ ಹಿಂದಿನ 128 ಮನೆಗಳು ತೆಲುಗಿನವು, ಮುಂದಿನ 128 ಮಲಯಾಳದವು. ಮಡಕಶಿರಾದ ವಾಚಕರಿಗೂ ಕಾಸರಗೋಡಿನ ನಮಗೂ ಈ ನೆರೆಹೊರೆ ಹೊಸತಲ್ಲ. ಕನ್ನಡದ ಕಕಾರ 3221, ತೆಲುಗಿನದು 3093, ಮಲಯಾಳದ್ದು 3349. ಸರಿಯಾಗಿ 128ರ ಅಂತರ. ಭಾರತದ ಲಿಪಿಗಳಿಗೆಲ್ಲ ಒಂದೇ ಕ್ರಮವನ್ನು ಹಾಕಿಕೊಟ್ಟಿದ್ದ ನಮ್ಮ ದೇಶದ ‘ಇಸ್ಕಿ’ ಪಟ್ಟಿಯ 1988ರ ರೂಪವನ್ನು ಯೂನಿಕೋಡ್ ಅನುಸರಿಸಿದ್ದರಿಂದ ಈ ಸಾಲುಮನೆಗಳು ಸಿದ್ಧವಾದವು. ಇಲ್ಲಿ ಆಕಾರಕ್ಕೆ ಸಂಖ್ಯೆಯಿಲ್ಲ, ಅಕ್ಷರಕ್ಕೇ ಸಂಖ್ಯೆ. ಕನ್ನಡ ಎಂಬುದು ಕ, ನ, ವಿರಾಮ ಚಿಹ್ನೆ, ನ, ಡ ಎಂಬ ಐದು ಸಂಕೇತಗಳ ಸರಣಿ. ಒತ್ತನ್ನು ಕೆಳಗಿಳಿಸಿ ಬರೆಯುವುದು ಫಾಂಟಿನ ಕೆಲಸ.

ಆದರೆ ಯಂತ್ರದ ಒಂದು ಬೈಟಿನಲ್ಲಿ ಹಿಡಿಸುವ ಸಂಖ್ಯೆ 255ರವರೆಗೆ ಮಾತ್ರ. 3221ನ್ನು ಎಲ್ಲಿ ಇಡುವುದು? ಇದಕ್ಕೆ ‘ಯು.ಟಿ.ಎಫ್.-8’ ಎಂಬ ಪರಿಹಾರವನ್ನು ಕೆನ್ ಥಾಂಪ್ಸನ್ ಮತ್ತು ರಾಬ್ ಪೈಕ್ ಎಂಬವರು 1992ರ ಸೆಪ್ಟೆಂಬರಿನಲ್ಲಿ, ಅಮೆರಿಕದ ನ್ಯೂಜೆರ್ಸಿಯ ಉಪಾಹಾರಗೃಹವೊಂದರಲ್ಲಿ ಮೇಜಿನ ಹಾಸುಕಾಗದದ ಮೇಲೆ ಗೀಚಿ ರೂಪಿಸಿದರಂತೆ. ಅದರ ಪ್ರಕಾರ ಪ್ರತಿಯೊಂದು ಕನ್ನಡ ಸಂಕೇತಕ್ಕೂ ಮೂರು ಬೈಟುಗಳು. ಕಕಾರವೆಂದರೆ 224, 178, 149. ಮೊದಲನೆಯ 224 ಮುಂದಾಳು. ‘ನನ್ನ ಹಿಂದೆ ಇಬ್ಬರು ಬರುತ್ತಿದ್ದಾರೆ’ ಎಂದು ಸಾರುವುದು ಅದರ ಕೆಲಸ. ಹಿಂಬಾಲಕರು 128ರಿಂದ 191ರ ಒಳಗಿನ ಸಂಖ್ಯೆಗಳೇ ಆಗಿರಬೇಕು. ಮುಂದಾಳು ಬಂದು ಹಿಂಬಾಲಕರು ಬಾರದಿದ್ದರೆ, ಅಥವಾ ಮುಂದಾಳಿಲ್ಲದೆ ಹಿಂಬಾಲಕರೇ ಬಂದರೆ, ಯಂತ್ರವು ಅದನ್ನು ‘ಅಮಾನ್ಯ ಸರಣಿ’ ಎಂದು ತಳ್ಳಿಹಾಕಿ ಆ ಜಾಗದಲ್ಲಿ ಕಪ್ಪು ವಜ್ರಾಕೃತಿಯೊಳಗೆ ಪ್ರಶ್ನಾರ್ಥಕ ಚಿಹ್ನೆಯೊಂದನ್ನು ತೋರಿಸುತ್ತದೆ.

ಹೆಸರಿನ ಕೊನೆಯಲ್ಲಿ ಈ ವಜ್ರವನ್ನು ಕಂಡವರು ಇರಬಹುದು. ಸರಸ್ವತಿ ಎಂಬ ಹೆಸರನ್ನೇ ತೆಗೆದುಕೊಳ್ಳೋಣ. ಸ, ರ, ಸ, ವಿರಾಮ, ವ, ತ, ಇಕಾರದ ಗುಡಿಸು. ಏಳು ಸಂಕೇತ, 21 ಬೈಟು. ಇಂಗ್ಲಿಷನ್ನು ಮಾತ್ರ ಮನಸ್ಸಿನಲ್ಲಿಟ್ಟುಕೊಂಡು ಹೆಸರಿಗೆ 20 ಬೈಟಿನ ಜಾಗವಿಟ್ಟ ನಮೂನೆಯಲ್ಲಿ ಕೊನೆಯ ಒಂದು ಬೈಟು ಕತ್ತರಿಸಿಹೋಗುತ್ತದೆ. ಗುಡಿಸು ಮುರಿದು ‘ಸರಸ್ವತ’ ಮತ್ತು ಒಂದು ವಜ್ರ ಉಳಿಯುತ್ತವೆ. ಇಂಗ್ಲಿಷಿನ ಇಪ್ಪತ್ತು ಅಕ್ಷರಗಳ ಹೆಸರು ಅಲ್ಲಿ ಸುಖವಾಗಿ ಹಿಡಿಸುತ್ತದೆ! ಮಗುವಿನ ಹೆಸರನ್ನು ಮೊಟಕುಗೊಳಿಸಿರೆಂದು ಯಾರಾದರೂ ಹೇಳಿದರೆ ಒಪ್ಪಬೇಡಿರಿ, ಅಗಲಗೊಳಿಸಬೇಕಾದದ್ದು ನಮೂನೆ.

ಇನ್ನು ರೋಗಲಕ್ಷಣಗಳ ಮಾತು. ಪರದೆಯ ಮೇಲೆ ಖಾಲಿ ಚೌಕಗಳು ಕಂಡರೆ ಬರಹ ಬಹುತೇಕ ಕ್ಷೇಮ. ಯಂತ್ರದಲ್ಲಿ ಕನ್ನಡದ ಫಾಂಟು ಇಲ್ಲ, ಅಷ್ಟೆ. ಓರೆಗೆರೆಯ ಚಿಕ್ಕ ‘ಎ’ ಪ್ರತಿ ಮೂರನೆಯ ಚಿಹ್ನೆಯಾಗಿ ಮರಮರಳಿ ಬರುತ್ತಿದ್ದರೆ ಅದು ಯೂನಿಕೋಡ್ ಕನ್ನಡವೇ. ಯಂತ್ರ ಅದನ್ನು ಯುರೋಪಿನ ಹಳೆಯ ಪಟ್ಟಿ ಹಿಡಿದು ಓದುತ್ತಿದೆ, ಏಕೆಂದರೆ 224 ಆ ಪಟ್ಟಿಯಲ್ಲಿ ಓರೆಗೆರೆಯ ‘ಎ’ಯ ಮನೆ. ಕಡತ ತೆರೆಯುವ ಕಿಟಕಿಯಲ್ಲಿ ‘ಎನ್‌ಕೋಡಿಂಗ್’ ಎಂಬ ಆಯ್ಕೆ ಇದ್ದರೆ ಅಲ್ಲಿ ಯು.ಟಿ.ಎಫ್.-8ನ್ನು ಆರಿಸಿ ಮತ್ತೆ ತೆರೆದರೆ ಸಾಕು. ಆ ರೂಪದಲ್ಲಿಯೇ ಉಳಿಸಿದರೆ ಮಾತ್ರ ಅಪಾಯವುಂಟು. ವಿರಾಮ ಚಿಹ್ನೆಯ ಮೂರು ಬೈಟುಗಳು 224, 179, 141. ವಿಂಡೋಸಿನ ಪಾಶ್ಚಾತ್ಯ ಪಟ್ಟಿಯಲ್ಲಿ 141ನೆಯ ಮನೆ ಖಾಲಿ. ಖಾಲಿ ಮನೆಯದನ್ನು ಕೆಲವು ತಂತ್ರಾಂಶಗಳು ಬಿಸಾಡುತ್ತವೆ. ಮುಂದೆ ಎಷ್ಟು ತಿದ್ದಿದರೂ ಒತ್ತಕ್ಷರಗಳೆಲ್ಲ ಮುರಿದೇ ಇರುತ್ತವೆ.

ದೊಡ್ಡ ‘ಎ’, ಪಿ, ಪೌಂಡುಗಳು ಕಂಡರೆ ಅದು ಹಳೆಯ ನುಡಿ. ಆ ಫಾಂಟನ್ನು ಹಾಕಿದರೆ ಬರಹ ಎದ್ದು ನಿಲ್ಲುತ್ತದೆ. ಪರಿವರ್ತಕದ ಮೂಲಕ ಯೂನಿಕೋಡಿಗೆ ಒಯ್ಯುವುದು ಇನ್ನೂ ಮೇಲು. ಹಾಗೆ ಒಯ್ದ ಮೇಲೆ ಅರ್ಕಾವೊತ್ತುಗಳ ಮೇಲೆ ಕಣ್ಣಿಡಬೇಕು. ಧರ್ಮ ಎಂಬಲ್ಲಿ ನಾವು ರೇಫವನ್ನು ಮಕಾರದ ಬಳಿಕ ಬರೆಯುತ್ತೇವೆ, ಉಚ್ಚರಿಸುವುದು ಮೊದಲು. ಹಳೆಯ ಫಾಂಟು ಬರೆಯುವ ಕ್ರಮವನ್ನು ಹಿಡಿದಿತ್ತು, ಯೂನಿಕೋಡ್ ಉಚ್ಚಾರಣೆಯ ಕ್ರಮವನ್ನು ಹಿಡಿಯುತ್ತದೆ. ಈ ಸ್ಥಾನಪಲ್ಲಟವನ್ನು ಮಾಡದ ಪರಿವರ್ತಕ ‘ಧಮ೯’ ಎಂದು ಒಂಬತ್ತರ ಅಂಕೆಯಂಥದನ್ನು ಕೊನೆಗೆ ಅಂಟಿಸಿಬಿಡುತ್ತದೆ. ಇದೇ ಜಾತಿಯ ತಪ್ಪನ್ನು ನಾವೇ ಕೈಯಾರೆ ಮಾಡುವುದೂ ಉಂಟು: ಅನುಸ್ವಾರದ ಬದಲು ಕನ್ನಡದ ಸೊನ್ನೆಯನ್ನು ಒತ್ತುವುದು. ಶಂಕರ, ಗಂಗಾ ಎಂಬ ಹೆಸರುಗಳು ಕಣ್ಣಿಗೆ ಸರಿಯಾಗಿಯೇ ಕಾಣುತ್ತವೆ. ಆದರೆ ಅನುಸ್ವಾರ 3202ನೆಯ ಮನೆ, ಸೊನ್ನೆ 3302ನೆಯ ಮನೆ. ಯಾದಿಯಲ್ಲಿ ಹುಡುಕಿದರೆ ಶಂಕರ ಸಿಗುವುದಿಲ್ಲ, ಮಗು ಶಾಲೆಗೇ ಸೇರಿಲ್ಲವೆಂದು ಯಂತ್ರ ಹೇಳುತ್ತದೆ. ಪ್ರತಿ ಜೂನಿನಲ್ಲಿಯೂ ನಾವು ಇದನ್ನು ತಿದ್ದುತ್ತೇವೆ.

ಬರಿಯ ಪ್ರಶ್ನಾರ್ಥಕಗಳೋ ಕಪ್ಪು ವಜ್ರಗಳೋ ಕಡತದೊಳಗೇ ಉಳಿಸಲ್ಪಟ್ಟಿದ್ದರೆ ಯಾವ ತಂತ್ರಾಂಶವೂ ಅವನ್ನು ಮರಳಿ ಅಕ್ಷರ ಮಾಡಲಾರದು. ಸಾವಿರ ಅಕ್ಷರಗಳಿಗೂ ಒಂದೇ ಗುರುತು ಹಾಕಿದ ಮೇಲೆ ಯಾವುದು ಯಾವುದೆಂದು ಯಾರು ಬಲ್ಲರು? ಮೂಲಪ್ರತಿಯನ್ನು ಹುಡುಕುವುದೊಂದೇ ದಾರಿ. ನಮ್ಮ ಚಿಕ್ಕ ಕಡತಕ್ಕೆ ಆದದ್ದು ಇದೇ. ಆ ಯುವಕರು ಅದನ್ನು 128 ಮನೆಗಳ ಸಾದಾ ಪಠ್ಯವಾಗಿ ಉಳಿಸಿದ್ದರು. ಇಂಗ್ಲಿಷ್ ಮನೆಗಳಲ್ಲಿದ್ದ ತುಂಡುಗಳು ಉಳಿದವು, ಮಿಕ್ಕವು ಪ್ರಶ್ನಾರ್ಥಕಗಳಾದವು. ಕನ್ನಡ ಎಂದಿದ್ದ ಕಡೆಯಲ್ಲೆಲ್ಲ ಒಂದು ಪಿ, ನಾಲ್ಕು ಪ್ರಶ್ನಾರ್ಥಕ, ಒಂದು ಕ್ಯೂ, ಮತ್ತೊಂದು ಪ್ರಶ್ನಾರ್ಥಕ. ತಲೆಕಟ್ಟುಗಳೂ ನಕಾರಗಳೂ ಹೋದವು. ಹಳೆಯ ಯಂತ್ರ ಎಂದೋ ಗುಜರಿಗೆ ಹೋಗಿತ್ತು.

ದೊಡ್ಡ ಕಡತವನ್ನು ಮುಟ್ಟುವ ಮೊದಲು ಎರಡು ನಕಲುಗಳನ್ನು ಮಾಡಿದೆವು. ಒಂದು ನಕಲಿನ ಮೇಲೆ ಪರಿವರ್ತಕವನ್ನು ನಡೆಸಿದೆವು. ಹನ್ನೊಂದು ಪುಟಗಳೂ ಬಂದವು, 1956ರ ನವೆಂಬರಿನ ಆ ದಿನವೂ ಬಂತು. ಕಳೆದುಹೋದ ಮೂರು ಪುಟಗಳಲ್ಲಿ ಗುರುಗಳ ಹೆಸರುಗಳಿದ್ದವು. ಪ್ರಶ್ನಾರ್ಥಕಗಳ ನಡುವೆ ಉಳಿದಿರುವ ಒಂದೊಂದು ಒಡಲನ್ನು ಹಿಡಿದು, “ಇದು ಕಕಾರದಿಂದ ಆರಂಭವಾಗುವ ಹೆಸರು, ಅಪ್ಪ ಯಾರನ್ನು ಹೇಳಿರಬಹುದು?” ಎಂದು ಅವರ ಮಗಳು ನೆನಪು ಮಾಡಿಕೊಳ್ಳುತ್ತಿದ್ದಾರೆ. ಶನಿವಾರ ಮಧ್ಯಾಹ್ನಗಳಲ್ಲಿ ನಮ್ಮ ಏಳನೆಯ ತರಗತಿಯ ಹುಡುಗಿಯೊಬ್ಬಳು ಅವರ ಪಕ್ಕದಲ್ಲಿ ಕುಳಿತು ಯೂನಿಕೋಡಿನಲ್ಲಿ ಬೆರಳಚ್ಚು ಮಾಡುತ್ತಾಳೆ. ನಾಲ್ಕು ಹೆಸರುಗಳು ಸಿಕ್ಕಿವೆ. ಈ ಸಲ ಕಾಗದದ ಮೇಲೆಯೂ ಬರೆದಿಟ್ಟುಕೊಂಡಿದ್ದೇವೆ.