ನೀರು ಸರಿದ ಜಾಗದ ಹಳದಿ ಹೂ

ಸನ್ಮಾನ ಸಮಾರಂಭಗಳಲ್ಲಿ ಅತಿಥಿಗಳ ಕೈಗೆ ಕೊಡುವ ಹೂಗುಚ್ಛವನ್ನು ಒಮ್ಮೆ ಬಿಡಿಸಿ ನೋಡಿ. ಗುಲಾಬಿ, ಜರ್ಬೆರಾಗಳ ಸಂದಿಯಲ್ಲಿ ಸಾಸಿವೆ ಕಾಳಿಗಿಂತ ತುಸು ದೊಡ್ಡದಾದ ಹಳದಿ ಹೂಗಳ ಕುಚ್ಚು ಸಿಗುತ್ತದೆ. ಹೂವಿನಂಗಡಿಯವರು ಅದನ್ನು ಗೋಲ್ಡನ್ ರಾಡ್ ಎನ್ನುತ್ತಾರೆ. ಗುಚ್ಛದಲ್ಲಿ ಖಾಲಿ ಜಾಗ ತುಂಬುವುದಷ್ಟೇ ಅದರ ಕೆಲಸ. ಫೋಟೊದಲ್ಲಿ ಅದನ್ನು ಯಾರೂ ಗುರುತಿಸುವುದಿಲ್ಲ. ನಮ್ಮಲ್ಲಿ ಕೃಷಿ ಮಾಡಿ ಬೆಳೆಯುವ ಈ ಗಿಡದ ತವರು ಉತ್ತರ ಅಮೆರಿಕ. ಸೇವಂತಿಗೆ, ಸೂರ್ಯಕಾಂತಿ, ಹುಚ್ಚೆಳ್ಳುಗಳ ಕುಟುಂಬಕ್ಕೆ ಸೇರಿದ ಸಾಲಿಡಾಗೋ ಎಂಬ ಕುಲದಲ್ಲಿ ನೂರಕ್ಕೂ ಹೆಚ್ಚು ಪ್ರಭೇದಗಳಿವೆ, ಹೆಚ್ಚಿನವು ಅಲ್ಲಿಯವೇ. ಬೀಳುಬಿಟ್ಟ ಹೊಲ, ರಸ್ತೆಯ ಅಂಚು, ರೈಲು ಹಳಿಯ ಪಕ್ಕ, ಎಲ್ಲಿ ಬೇಕಾದರೂ ಬೆಳೆಯುವ ಗಟ್ಟಿ ಜೀವಗಳು. ಯೂರೋಪಿಗೂ ಚೀನಾಕ್ಕೂ ಅಲಂಕಾರಕ್ಕೆಂದು ಹೋದ ಕೆಲವು, ಅಲ್ಲಿ ನಮ್ಮ ಪಾರ್ಥೇನಿಯಂನಂತೆ ಕಳೆಯಾಗಿ ಹಬ್ಬಿವೆ.

ಇಂಥ ಒರಟು ಬಳಗದಲ್ಲಿ ಒಂದು ಗಿಡ ಮಾತ್ರ ವಿಪರೀತ ಹಠದ್ದು. ಹೋಟನ್ನನ ಗೋಲ್ಡನ್ ರಾಡ್ ಎಂದು ಅದರ ಹೆಸರು. ಶಾಸ್ತ್ರೀಯವಾಗಿ ಸಾಲಿಡಾಗೋ ಹೋಟೊನಿಯೈ. ಮೊಣಕಾಲೆತ್ತರದ ಗಿಡ, ಹುಲ್ಲಿನಂಥ ಕಿರಿದಾದ ಎಲೆ. ಹೆಚ್ಚಿನ ಗೋಲ್ಡನ್ ರಾಡ್‌ಗಳ ಹೂಗೊಂಚಲು ಕುಚ್ಚಿನಂತೆ ಬಾಗಿದ್ದರೆ, ಇದರದು ಕೊಡೆಯ ಹಾಗೆ ಮೇಲೆ ಚಪ್ಪಟೆ. ಆಗಸ್ಟ್ ನಡುವಿನಿಂದ ಅರಳಲು ಶುರು ಮಾಡುತ್ತದೆ. ಇದು ಬೆಳೆಯುವುದು ಮಿಷಿಗನ್ ಮತ್ತು ಹ್ಯೂರಾನ್ ಮಹಾಸರೋವರಗಳ ಉತ್ತರದ ದಂಡೆಗಳಲ್ಲಿ, ಅದೂ ನೀರಂಚಿನ ಕಿರಿದಾದ ಒಂದು ಪಟ್ಟಿಯಲ್ಲಿ. ಅಮೆರಿಕದ ಮಿಷಿಗನ್ ರಾಜ್ಯದ ಮ್ಯಾಕಿನಾ ಜಲಸಂಧಿಯ ಆಸುಪಾಸಿನಲ್ಲಿ ಹೆಚ್ಚು. ಕೆನಡಾದ ಮ್ಯಾನಿಟೂಲಿನ್ ದ್ವೀಪ ಮತ್ತು ಬ್ರೂಸ್ ಪರ್ಯಾಯದ್ವೀಪದಲ್ಲಿ ಒಂದಿಷ್ಟು. ನ್ಯೂಯಾರ್ಕ್ ರಾಜ್ಯದ ಒಂದು ಜೌಗಿನಲ್ಲಿ ತವರು ತಪ್ಪಿದಂತೆ ಚೂರು. 1988ರಿಂದ ಅಮೆರಿಕ ಸರ್ಕಾರದ ಕಾನೂನು ಇದನ್ನು ಅಪಾಯದಂಚಿನ ಗಿಡವೆಂದು ಕಾಪಾಡುತ್ತಿದೆ.

ಅಷ್ಟು ಅಗಲದ ಖಂಡದಲ್ಲಿ ಇದಕ್ಕೆ ಬೇರೆ ಜಾಗವೇ ಸಿಗಲಿಲ್ಲವೇ? ಈ ಪ್ರಶ್ನೆಗೆ ಉತ್ತರ ಬೇಕಾದರೆ ಆ ದಂಡೆ ಹೇಗಿದೆ ಎಂದು ನೋಡಬೇಕು.

ಸರೋವರದ ಅಂಚಿನಲ್ಲಿ ಮರಳಿನ ದಿಬ್ಬ, ಅದರ ಹಿಂದೆ ತಗ್ಗು, ಮತ್ತೆ ದಿಬ್ಬ, ಮತ್ತೆ ತಗ್ಗು. ಉತ್ತ ಹೊಲದ ಸಾಲುಗಳನ್ನು ನೂರು ಪಟ್ಟು ದೊಡ್ಡದು ಮಾಡಿದಂತೆ. ತಗ್ಗುಗಳಲ್ಲಿ ಅಂತರ್ಜಲ ಮೇಲೆಯೇ ಇರುತ್ತದೆ, ಹಾಗಾಗಿ ಮರಳು ಸದಾ ಒದ್ದೆ. ಕೆಳಗಿರುವುದು ಸುಣ್ಣಕಲ್ಲು, ಮಣ್ಣಿನಲ್ಲಿ ಸುಣ್ಣ ಹೆಚ್ಚು, ಸಾರ ಕಡಿಮೆ. ಸಾರ ಎಷ್ಟು ಕಡಿಮೆಯೆಂದರೆ, ಅಲ್ಲಿನ ಕೆಲವು ಗಿಡಗಳು ಹುಳ ಹಿಡಿದು ತಿಂದು ಬದುಕುತ್ತವೆ. ಹೂಜಿ ಗಿಡವೂ ಅಂಟೆಲೆಯ ಬಟರ್‌ವರ್ಟೂ ಹೋಟನ್ನನ ಗೋಲ್ಡನ್ ರಾಡ್‌ನ ನೆರೆಹೊರೆಯವರು. ಹೀಗೆ ಬಡತನವಿರುವಲ್ಲಿ ದಾಂಡಿಗ ಗಿಡಗಳು ಬೇಗ ಬೇರೂರುವುದಿಲ್ಲ. ಆದರೆ ಎಂದೂ ಬೇರೂರುವುದಿಲ್ಲ ಎಂದೇನೂ ಇಲ್ಲ. ಹತ್ತಿಪ್ಪತ್ತು ವರ್ಷ ಬಿಟ್ಟರೆ ವಿಲ್ಲೋ, ಜುನಿಪರ್, ಸೀಡರ್ ಒಂದೊಂದಾಗಿ ಬಂದು ನೆರಳು ಹಾಸುತ್ತವೆ. ನೆರಳು ಬಿದ್ದರೆ ನಮ್ಮ ಗಿಡದ ಕಥೆ ಮುಗಿಯಿತು.

ಆ ಹೊತ್ತಿಗೆ ಸರಿಯಾಗಿ ಸರೋವರ ಏರಿ ಬರುತ್ತದೆ.

ಮಿಷಿಗನ್ ಮತ್ತು ಹ್ಯೂರಾನ್ ನಕ್ಷೆಯಲ್ಲಿ ಎರಡು, ನೀರಿನ ಲೆಕ್ಕದಲ್ಲಿ ಒಂದೇ. ಮ್ಯಾಕಿನಾ ಜಲಸಂಧಿ ಎರಡನ್ನೂ ಜೋಡಿಸಿರುವುದರಿಂದ ಮಟ್ಟ ಎರಡರಲ್ಲೂ ಸಮ. ಒಟ್ಟು ವಿಸ್ತಾರ ಕರ್ನಾಟಕದ ಅರ್ಧಕ್ಕಿಂತ ಹೆಚ್ಚು. ಇಷ್ಟು ದೊಡ್ಡದಾದರೂ ಸಮುದ್ರದಂತೆ ಕಣ್ಣಿಗೆ ಕಾಣುವ ಭರತ ಇಳಿತಗಳಿಲ್ಲ. ವರ್ಷದೊಳಗೆ ಬೇಸಿಗೆಯಲ್ಲಿ ಏರಿ ಚಳಿಗಾಲದಲ್ಲಿ ಇಳಿಯುವ ಒಂದಡಿಯಷ್ಟರ ವ್ಯತ್ಯಾಸವಿದೆ. ದೊಡ್ಡ ಏರಿಳಿತ ನಡೆಯುವುದು ವರ್ಷಗಳ, ದಶಕಗಳ ಅಂತರದಲ್ಲಿ. ಮಳೆ ಹಿಮಗಳಿಂದ ಬಂದದ್ದೆಷ್ಟು, ಆವಿಯಾಗಿ ಹೋದದ್ದೆಷ್ಟು ಎಂಬ ಜಮಾಖರ್ಚು ಅದು. ತಮಾಷೆಯೆಂದರೆ, ಸರೋವರ ಹೆಚ್ಚು ಆವಿಯಾಗುವುದು ಸುಡುಬೇಸಿಗೆಯಲ್ಲಲ್ಲ. ಶರತ್ಕಾಲ ಮುಗಿಯುವ ಹೊತ್ತಿಗೆ, ಇನ್ನೂ ಬೆಚ್ಚಗಿರುವ ನೀರಿನ ಮೇಲೆ ಒಣ ಚಳಿಗಾಳಿ ಬೀಸಿದಾಗ. 1986ರ ಅಕ್ಟೋಬರ್‌ನಲ್ಲಿ ಮಟ್ಟ ದಾಖಲೆಯೆತ್ತರಕ್ಕೆ ಏರಿತ್ತು. 2013ರ ಜನವರಿಯಲ್ಲಿ ದಾಖಲೆಯಷ್ಟು ಕೆಳಗಿಳಿಯಿತು. ಮತ್ತೆ ಏಳೇ ವರ್ಷಗಳಲ್ಲಿ, 2020ರ ಬೇಸಿಗೆಗೆ, ಸುಮಾರು ಆರು ಅಡಿ ಮೇಲೆ ಬಂದು ದಂಡೆಯ ಮನೆಗಳ ಮೆಟ್ಟಿಲನ್ನು ಕಿತ್ತುಕೊಂಡು ಹೋಯಿತು.

ಆರು ಅಡಿ ಎಂದರೆ ಬಾವಿಯಲ್ಲಿ ಏನೂ ಅಲ್ಲ. ಇಳಿಜಾರೇ ಇಲ್ಲದ ಮರಳುದಂಡೆಯಲ್ಲಿ ಅದೇ ಆರು ಅಡಿಗೆ ನೀರಂಚು ಎಷ್ಟೋ ದೂರ ಹಿಂದೆ ಮುಂದೆ ಓಡಾಡುತ್ತದೆ. ಕೆರೆಯ ಕೆಳಗೆ ಬೆಳೆದವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಮಾಘ ಫಾಲ್ಗುಣದಲ್ಲಿ ನೀರು ತೂಬಿನ ಕಡೆಗೆ ಸರಿದ ಮೇಲೆ ಬಿಡುವ ಕೆರೆಯಂಗಳ ನೆಲವೂ ಹೌದು, ನೀರೂ ಹೌದು. ದನ ಮೇಯುವುದು ಅಲ್ಲೇ, ಮಳೆ ಹಿಡಿದರೆ ಮೀನು ಓಡಾಡುವುದೂ ಅಲ್ಲೇ. ಹೋಟನ್ನನ ಗೋಲ್ಡನ್ ರಾಡ್ ಅಂಥದೊಂದು ಅಂಗಳದ ಗಿಡ. ನಮ್ಮ ಕೆರೆಯಂಗಳಕ್ಕೆ ವರ್ಷಕ್ಕೊಂದು ಸುತ್ತು, ಅದರ ಅಂಗಳಕ್ಕೆ ಒಂದು ಸುತ್ತಿಗೆ ದಶಕಗಳು.

ನೀರು ಏರಿದಾಗ ತಗ್ಗುಗಳು ತುಂಬುತ್ತವೆ. ಸೀಡರ್ ಸಸಿ, ಪೊದೆಗಳು ಬೇರು ಕೊಳೆತು ಸಾಯುತ್ತವೆ. ಚಳಿಗಾಲದ ಮಂಜುಗಡ್ಡೆ ದಂಡೆಯನ್ನು ಕೆರೆದು ಉಳಿದದ್ದನ್ನೂ ಒರೆಸುತ್ತದೆ. ಗೋಲ್ಡನ್ ರಾಡ್‌ಗೂ ರಿಯಾಯಿತಿಯಿಲ್ಲ, ತಗ್ಗಿನಲ್ಲಿದ್ದವು ಮುಳುಗುತ್ತವೆ. ಆದರೆ ಮುಳುಗಿದವುಗಳಲ್ಲಿ ಕೆಲವು ನೆಲದೊಳಗಿನ ಗೆಡ್ಡೆಕಾಂಡದಿಂದ ಬದುಕುಳಿಯುತ್ತವೆ, ದಿಬ್ಬದ ಅಂಚಿನ ಕೆಲವು ಮುಳುಗುವುದೇ ಇಲ್ಲ. ನೀರು ಇಳಿದ ಮೇಲೆ ಪೊದೆಯಿಲ್ಲದ, ನೆರಳಿಲ್ಲದ, ತೇವ ಮಾತ್ರ ಇರುವ ಬಯಲು ಮರಳು ಸಿದ್ಧವಾಗಿರುತ್ತದೆ. ಸಣ್ಣ ಬೀಜಕ್ಕೆ ಮೊಳೆಯಲು ಅದೇ ಬೇಕು. ಅಂದರೆ ಈ ಗಿಡದ ಮನೆಯನ್ನು ಸರೋವರ ಆಗಾಗ ಕೆಡವುತ್ತಿರಬೇಕು. ಕೆಡವದಿದ್ದರೆ ಮನೆಯೇ ಉಳಿಯುವುದಿಲ್ಲ.

ಈ ಓಡಾಟಕ್ಕೆ ದಿಬ್ಬಗಳೇ ಸಾಕ್ಷಿ. ಟಾಡ್ ಥಾಂಪ್ಸನ್ ಮತ್ತು ಸ್ಟೀವ್ ಬೇಡ್ಕಿ ಎಂಬ ಭೂವಿಜ್ಞಾನಿಗಳು ಮಿಷಿಗನ್ ಸರೋವರದ ಹಳೆಯ ದಂಡೆಯ ದಿಬ್ಬಗಳ ವಯಸ್ಸನ್ನು ಲೆಕ್ಕ ಹಾಕಿದರು. ಸರಾಸರಿ ಮೂವತ್ತು ವರ್ಷಕ್ಕೊಂದು ದಿಬ್ಬ. ಅದರ ಮೇಲೆ ಸುಮಾರು 160 ವರ್ಷಗಳ ಇನ್ನೊಂದು ದೊಡ್ಡ ಏರಿಳಿತ. ಮರದ ಉಂಗುರ ಎಣಿಸಿದ ಹಾಗೆ ಸಾವಿರಾರು ವರ್ಷಗಳ ನೀರಿನ ಮಟ್ಟವನ್ನು ಮರಳಿನಲ್ಲಿ ಓದಿದ ಕೆಲಸವಿದು. ನನಗಂತೂ ಈ ವಿಷಯದಲ್ಲಿ ಹೂವಿಗಿಂತ ಇದೇ ಹೆಚ್ಚು ಹಿಡಿಸಿತು.

ದಂಡೆಯ ವಯಸ್ಸು ಗೊತ್ತಾದರೆ ಗಿಡದ ವಯಸ್ಸಿನ ಪ್ರಶ್ನೆ ಏಳುತ್ತದೆ. ಸುಮಾರು ಹತ್ತು ಹನ್ನೊಂದು ಸಾವಿರ ವರ್ಷಗಳ ಹಿಂದಿನವರೆಗೂ ಈ ನೆಲದ ಮೇಲೆ ಹಿಮದ ಹಾಳೆಯಿತ್ತು. ಬೇರೆಲ್ಲೂ ಬೆಳೆಯದ ಗಿಡ, ಇಷ್ಟು ಎಳೆಯ ನೆಲಕ್ಕೆ ಎಲ್ಲಿಂದ ಬಂತು? ಸುಳಿವು ಕ್ರೋಮೋಸೋಮುಗಳಲ್ಲಿದೆ. ಗೋಲ್ಡನ್ ರಾಡ್‌ಗಳ ಒಂದು ಕಂತೆಯಲ್ಲಿ ಒಂಬತ್ತು ಕ್ರೋಮೋಸೋಮು. ಸಾಮಾನ್ಯವಾಗಿ ಎರಡು ಕಂತೆ, ಹದಿನೆಂಟು. ಹೋಟನ್ನನ ಗಿಡದಲ್ಲಿ ಐವತ್ನಾಲ್ಕು, ಅಂದರೆ ಆರು ಕಂತೆ. ಇದು ಬೆರಕೆಯ ಗುರುತು. ಎರಡು ಬೇರೆ ಪ್ರಭೇದಗಳು ಕೂಡಿದಾಗ ಹುಟ್ಟುವ ಸಂತಾನ ಬಹುಮಟ್ಟಿಗೆ ಬಂಜೆ, ಏಕೆಂದರೆ ಅಪ್ಪನ ಕ್ರೋಮೋಸೋಮಿಗೆ ಅಮ್ಮನ ಕಡೆ ಜೊತೆ ಸಿಗದು. ಎಂದಾದರೊಮ್ಮೆ ಎಲ್ಲವೂ ಇಮ್ಮಡಿಯಾಗಿಬಿಟ್ಟರೆ ಪ್ರತಿಯೊಂದಕ್ಕೂ ತನ್ನದೇ ಜೊತೆ ಸಿಕ್ಕಿ ಹೊಸ ಪ್ರಭೇದವೊಂದು ನಿಲ್ಲುತ್ತದೆ. ಇದೇನೂ ಅಪರೂಪದ ಕಸರತ್ತಲ್ಲ. ಮುದ್ದೆಯ ರಾಗಿ ಹೀಗೇ ಹುಟ್ಟಿದ್ದು: ಒಂಬತ್ತರ ನಾಲ್ಕು ಕಂತೆ, ಮೂವತ್ತಾರು. ಚಪಾತಿಯ ಗೋಧಿಯಲ್ಲಿ ಏಳರ ಆರು ಕಂತೆ.

ಹೋಟನ್ನನ ಗಿಡದ ಹೆತ್ತವರೆಂದು ಬಹುಕಾಲ ಅನುಮಾನಿಸಿದ್ದು ಇಬ್ಬರನ್ನು. ಒಂದು ಅದೇ ತಗ್ಗುಗಳಲ್ಲಿ ಬೆಳೆಯುವ ಓಹಾಯೊ ಗೋಲ್ಡನ್ ರಾಡ್. ಇನ್ನೊಂದು ಬಿಳಿ ಹೂವಿನ ಗಿಡ, ಬಿಳಿ ಎಂಬ ಕಾರಣಕ್ಕೇ ಸಸ್ಯಶಾಸ್ತ್ರಜ್ಞರು ಬಹಳ ದಿನ ಆಸ್ಟರ್ ಕುಲಕ್ಕೆ ಹಾಕಿದ್ದಂಥದು. ಅದು ಮಾತ್ರ ಗೋಲ್ಡನ್ ರಾಡ್‌ಗಳ ಜೊತೆಗೇ ನೆಂಟಸ್ತನ ಬೆಳೆಸಿ ಬೆರಕೆ ಮಕ್ಕಳನ್ನು ಹುಟ್ಟಿಸುತ್ತಿತ್ತು. ಕೊನೆಗೆ ಸಾಲಿಡಾಗೋ ಎಂದು ಒಪ್ಪಿಕೊಳ್ಳಬೇಕಾಯಿತು. ಡಿಎನ್ಎ ನೋಡಿದ ಮೇಲೆ ಕಥೆ ಇಬ್ಬರಿಗೆ ಮುಗಿಯುವಷ್ಟು ಸರಳವಲ್ಲ, ಹಲವು ಪ್ರಭೇದಗಳ ಕೂಡಿಕೆಯಿದೆ ಎಂದು ಗೊತ್ತಾಯಿತು. ದಂಡೆಯಿಂದ ದೂರದ ಒಳನಾಡಿನಲ್ಲಿ ಬೆಳೆಯುವ, ಇದೇ ಎಂದುಕೊಂಡಿದ್ದ ಗಿಡಗಳಲ್ಲಿ ಎಂಟು ಕಂತೆ ಸಿಕ್ಕಿದ್ದರಿಂದ 2010ರಲ್ಲಿ ಅವಕ್ಕೆ ಬೇರೆಯೇ ಹೆಸರಿಟ್ಟರು.

ಹೆಸರಿನ ಹೋಟನ್ ಯಾರು? ಡಗ್ಲಾಸ್ ಹೋಟನ್, ವೈದ್ಯ, ಸಸ್ಯಪ್ರೇಮಿ, ಮಿಷಿಗನ್ ರಾಜ್ಯದ ಮೊದಲ ಭೂವಿಜ್ಞಾನಿ. 1832ರ ಒಂದು ಅನ್ವೇಷಣಾ ಯಾತ್ರೆಯಲ್ಲಿ ಗಿಡ ಸಂಗ್ರಹಿಸುತ್ತಲೇ ಎರಡು ಸಾವಿರಕ್ಕೂ ಹೆಚ್ಚು ಮೂಲನಿವಾಸಿಗಳಿಗೆ ಸಿಡುಬಿನ ಲಸಿಕೆ ಹಾಕಿದವನು. ಅವನ ಸರ್ವೇ ತಂಡಕ್ಕೆ 1839ರಲ್ಲಿ ಮಿಷಿಗನ್ ಸರೋವರದ ಉತ್ತರ ದಂಡೆಯಲ್ಲಿ ಈ ಗಿಡ ಸಿಕ್ಕಿತು. ಆರು ವರ್ಷಗಳ ನಂತರ, ಅಕ್ಟೋಬರ್ ತಿಂಗಳ ಬಿರುಗಾಳಿಯಲ್ಲಿ, ಸುಪೀರಿಯರ್ ಸರೋವರದಲ್ಲಿ ದೋಣಿ ಮಗುಚಿ ಹೋಟನ್ ಮುಳುಗಿದ. ಆಗ ಅವನಿಗೆ ಮೂವತ್ತಾರು.

ಇವತ್ತಿನ ತೊಂದರೆಗಳಲ್ಲಿ ಕೆಲವು ಊಹಿಸಬಹುದಾದವೇ: ದಂಡೆಯ ಮೇಲೆ ಮನೆ, ಮರಳಿನ ಮೇಲೆ ಮೋಜಿನ ಗಾಡಿ. ನೀರು ಕೆಳಗಿದ್ದ ವರ್ಷಗಳಲ್ಲಿ ಬಯಲಾದ ದಂಡೆಗೆ ಫ್ರಾಗ್‌ಮೈಟೀಸ್ ಎಂಬ ಆಳೆತ್ತರದ ಲಾಳದ ಹುಲ್ಲು ನುಗ್ಗಿತು. ಇವಕ್ಕಿಂತ ಆಳದ್ದೊಂದು ತೊಡಕು ನಮ್ಮ ಆಸೆಯಲ್ಲಿದೆ. ಮನೆ ಕಟ್ಟಿದವರಿಗೆ ನೀರು ಒಂದೇ ಗೆರೆಯಲ್ಲಿ ನಿಲ್ಲಬೇಕು. ಅದೇ ಮಹಾಸರೋವರಗಳ ಸಾಲಿನ ಆಂಟೇರಿಯೊ ಸರೋವರದಲ್ಲಿ ಅದನ್ನು ಮಾಡಿಯೂ ನೋಡಿದರು. ಅದರ ಹೊರಹರಿವಿಗೆ 1950ರ ದಶಕದ ಕೊನೆಯಲ್ಲಿ ಅಣೆಕಟ್ಟು ಬಂತು, ಏರಿಳಿತವನ್ನು ಹಿಡಿದಿಟ್ಟರು. ದಶಕಗಳಲ್ಲಿ ಅಲ್ಲಿನ ನೀರಂಚಿನ ಜೇಕು ಬಯಲುಗಳನ್ನು ಆಪು ಹುಲ್ಲು ನುಂಗಿಹಾಕಿತು. ಹಾಗಾಗಿ 2017ರಿಂದ ಏರಿಳಿತಕ್ಕೆ ತುಸು ಸಡಿಲ ಕೊಡುವ ಹೊಸ ನಿಯಮ ತಂದರು. ಅದೇ ವರ್ಷ, ಮತ್ತೆ 2019ರಲ್ಲಿ, ಮಳೆ ಜೋರಾಗಿ ದಂಡೆಯ ಮನೆಗಳಿಗೆ ನೀರು ನುಗ್ಗಿತು. ಜನ ನಿಯಮವನ್ನೇ ದೂರಿದರು. ಮನೆಯೊಳಗೆ ನೀರು ಬಂದವರ ಸಿಟ್ಟನ್ನು ತಪ್ಪು ಎನ್ನಲಾರೆ. ಬೆಂಗಳೂರಿನ ಕೆರೆಗಳನ್ನು ಸುತ್ತ ಏರಿ ಕಟ್ಟಿ, ವಾಕಿಂಗ್ ಪಥ ಹಾಕಿ, ಬಟ್ಟಲಿನಂತೆ ಮಾಡಿ ಅಂಗಳವನ್ನೇ ಇಲ್ಲವಾಗಿಸಿದ ನಮಗೆ ಆ ಆಸೆ ಹೊಸದೂ ಅಲ್ಲ.

ಮಿಷಿಗನ್ ಹ್ಯೂರಾನ್‌ಗಳ ಹೊರಹರಿವಿಗೆ ಅಂಥ ಅಣೆಕಟ್ಟಿಲ್ಲ. 2020ರ ನಂತರ ನೀರು ಮತ್ತೆ ಇಳಿಯತೊಡಗಿತು. ಹೂ ಮುಗಿದ ಮೇಲೆ ಗಿಡದ ಪ್ರತಿ ಬೀಜಕ್ಕೂ ಬಿಳಿ ಕೂದಲಿನ ಪುಟ್ಟ ಕುಂಚ ಮೂಡುತ್ತದೆ. ದಿಬ್ಬದಂಚಿನ ಗಿಡಗಳಿಂದ ಗಾಳಿಗೆ ಹಾರಿದ ಬೀಜಗಳಲ್ಲಿ ಕೆಲವಾದರೂ ಕೆಳಗಿನ ತಗ್ಗಿನ ಒದ್ದೆ ಮರಳಿಗೆ ಬಿದ್ದು ಅಂಟಿಕೊಳ್ಳುತ್ತವೆ.